ಕೆನಡಾದ ಕಾದಂಬರಿಯ ಮೇಲೆ ವಸಾಹತೋತ್ತರ ಪ್ರಬಂಧ ಬರೆಯುವುದು ಹೇಗೆ: ‘ಒಬಾಸನ್’ ಮುಂದಿಟ್ಟುಕೊಂಡು ಒಂದು ಮಾರ್ಗದರ್ಶಿ

ಇಂಗ್ಲಿಷ್ ಎಂ.ಎ. ಓದುವವರು, ಪಿಎಚ್‌.ಡಿ.ಗೆ ಈಗಷ್ಟೇ ಸೇರಿದವರು ಮತ್ತೆ ಮತ್ತೆ ಕೇಳುವ ಪ್ರಶ್ನೆ ಇದು: “ಕೆನಡಾದ ಕಾದಂಬರಿ ತಗೊಂಡಿದ್ದೀನಿ, ‘ರಾಷ್ಟ್ರೀಯ ಅಸ್ಮಿತೆ’ ಅಂತ ವಿಷಯ ಕೊಟ್ಟಿದ್ದಾರೆ, ಎಲ್ಲಿಂದ ಶುರು ಮಾಡಲಿ?” ಅವರ ಕರಡು ನೋಡಿದರೆ ಹೆಚ್ಚಿನವು ಒಂದೇ ಕಡೆ ಎಡವಿರುತ್ತವೆ. ವಸಾಹತೋತ್ತರ ಓದು ಎಂದರೆ ವಸಾಹತು ಆಳ್ವಿಕೆ ಬಿಟ್ಟುಹೋದ ಗುರುತುಗಳನ್ನು ಸಾಹಿತ್ಯದಲ್ಲಿ ಹುಡುಕುವುದು. ಆದರೆ ನಮಗೆ ಗೊತ್ತಿರುವ ವಸಾಹತಿನ ಕಥೆ ಭಾರತದ್ದು. ಬ್ರಿಟಿಷರು ಬಂದರು, ಆಳಿದರು, ನಾವು ಹೋರಾಡಿದೆವು, ಅವರು ಬಿಟ್ಟುಹೋದರು. ಈ ಅಚ್ಚನ್ನೇ ಕೆನಡಾದ ಮೇಲೆ ಒತ್ತುತ್ತಾರೆ. ಆದರೆ ಕೆನಡಾದಲ್ಲಿ ಬಂದವರು ಹೋಗಲೇ ಇಲ್ಲ. ಅಲ್ಲೇ ನೆಲೆಸಿ, ಆ ನೆಲಕ್ಕೆ ‘ನಮ್ಮ ದೇಶ’ ಎಂದು ಹೆಸರಿಟ್ಟರು. ‘ರಾಷ್ಟ್ರ’ ಎಂಬ ಪದದ ಭಾರ ಅಲ್ಲಿ ಬೇರೆ, ಇಲ್ಲಿ ಬೇರೆ. ಇದು ಸರಿಹೋದರೆ ಉಳಿದ ಕೆಲಸ ಸಲೀಸು.

ಉದಾಹರಣೆಗೆ ಜಾಯ್ ಕೊಗಾವಾ ಅವರ ‘ಒಬಾಸನ್’ (1981) ಕಾದಂಬರಿಯನ್ನೇ ಉದ್ದಕ್ಕೂ ಹಿಡಿದಿದ್ದೇನೆ. ಎರಡನೇ ಮಹಾಯುದ್ಧದ ಹೊತ್ತಿನಲ್ಲಿ ಜಪಾನಿ ಮೂಲದ ಕೆನಡಿಯನ್ನರನ್ನು ಪಶ್ಚಿಮ ಕರಾವಳಿಯಿಂದ ಎತ್ತಂಗಡಿ ಮಾಡಿದ ಕಥೆ ಅದು. ನಿಮ್ಮದು ಬೇರೆ ಕಾದಂಬರಿಯಾದರೂ ಹಂತಗಳು ಇವೇ.

ಬೇಕಾಗುವುದು

ಕಾದಂಬರಿಯ ಸ್ವಂತ ಪ್ರತಿ ಬೇಕು, ಪೆನ್ಸಿಲ್‌ನಿಂದ ಗೆರೆ ಎಳೆಯುವಂಥದ್ದು. ನಾಲ್ಕೈದು ವಿಮರ್ಶಾ ಲೇಖನ ಸಾಕು. ಹದಿನೈದು ಲೇಖನ ಗುಡ್ಡೆ ಹಾಕಿಕೊಂಡವರು ಕೊನೆಗೆ ಕಾದಂಬರಿಯನ್ನೇ ಓದಿರುವುದಿಲ್ಲ. ಬ್ರಿಟಿಷ್ ಕೊಲಂಬಿಯಾ ವಿಶ್ವವಿದ್ಯಾಲಯದಿಂದ 1959ರಲ್ಲಿ ಶುರುವಾದ ‘ಕೆನೇಡಿಯನ್ ಲಿಟರೇಚರ್’ ಪತ್ರಿಕೆಯ ಹಳೆಯ ಸಂಚಿಕೆಗಳು ಅಂತರ್ಜಾಲದಲ್ಲಿ ಪುಕ್ಕಟೆಯಾಗಿ ಸಿಗುತ್ತವೆ, ಮೊದಲು ಅಲ್ಲಿ ಹುಡುಕಿ. ನಮ್ಮ ಗ್ರಂಥಾಲಯಗಳಲ್ಲಿ ಕೆನಡಾದ ಪುಸ್ತಕಗಳು ಬಹಳ ಕಡೆ ‘ಕಾಮನ್‌ವೆಲ್ತ್ ಸಾಹಿತ್ಯ’ದ ಕಪಾಟಿನಲ್ಲಿ ಕೂತಿರುತ್ತವೆ. ಬ್ರಿಟನ್ನಿನ ಹಿಂದಿನ ವಸಾಹತುಗಳ ಇಂಗ್ಲಿಷ್ ಬರವಣಿಗೆಗೆ ಅಂಟಿಸಿದ್ದ ಹಳೆಯ ಹೆಸರು ಅದು. ಮೈಸೂರಿನ ಸಾಹಿತ್ಯ ಅಧ್ಯಯನ ಕೇಂದ್ರ ಧ್ವನ್ಯಾಲೋಕ ಆ ಹೆಸರಿನಲ್ಲೇ ಈ ಸಾಹಿತ್ಯವನ್ನು ಕರ್ನಾಟಕಕ್ಕೆ ಹತ್ತಿರ ತಂದಿತು. ಪುಸ್ತಕ ಹುಡುಕಲು ಆ ಹೆಸರು ಬಳಸಿ, ಪ್ರಬಂಧದ ವಾದಕ್ಕೆ ಬೇಡ.

3000 ಪದಗಳ ಪ್ರಬಂಧಕ್ಕೆ ಮೂರು ವಾರ ಇಟ್ಟುಕೊಳ್ಳಿ. ಒಂದು ವಾರ ಕಾದಂಬರಿಯ ಎರಡು ಓದಿಗೆ, ಒಂದು ವಾರ ಇತಿಹಾಸಕ್ಕೂ ವಿಮರ್ಶೆಗೂ, ಒಂದು ವಾರ ಬರವಣಿಗೆಗೆ.

ಹಂತ 1: ಯಾರು ಯಾವ ಜಾಗದಲ್ಲಿ ನಿಂತಿದ್ದಾರೆ, ಬರೆದುಕೊಳ್ಳಿ

ಖಾಲಿ ಹಾಳೆಯಲ್ಲಿ ಮೂರು ಗುಂಪು ಬರೆಯಿರಿ.

ಮೊದಲನೆಯದು ನೆಲೆಗಾರರು, ಅಂದರೆ ಇಂಗ್ಲೆಂಡ್, ಸ್ಕಾಟ್ಲೆಂಡ್, ಐರ್ಲೆಂಡ್, ಫ್ರಾನ್ಸ್‌ಗಳಿಂದ ಬಂದು ನೆಲ ಹಿಡಿದವರು. ವಿಮರ್ಶೆಯಲ್ಲಿ ‘ಸೆಟ್ಲರ್’ ಎಂದರೆ ಇವರು. ಲಂಡನ್ನಿನ ಕಣ್ಣಿಗೆ ಇವರು ವಸಾಹತಿನ ಜನ, ಆ ನೆಲದ ಮೂಲ ಜನರ ಕಣ್ಣಿಗೆ ವಸಾಹತುಗಾರರೇ. ಈ ಎರಡೂ ಏಕಕಾಲಕ್ಕೆ ನಿಜ. ಕ್ವಿಬೆಕ್‌ನ ಫ್ರೆಂಚರದು ಇನ್ನೂ ಒಂದು ಸುತ್ತು ಹೆಚ್ಚಿನ ತೊಡಕು. ಅವರು ನೆಲ ಹಿಡಿದವರೂ ಹೌದು, ಆಮೇಲೆ ಬ್ರಿಟಿಷರಿಗೆ ಸೋತವರೂ ಹೌದು.

ಎರಡನೆಯದು ಮೂಲನಿವಾಸಿಗಳು: ಫಸ್ಟ್ ನೇಷನ್ಸ್, ಇನ್ಯುಯಿಟ್, ಮೆಟಿ. ಇವರ ಮಟ್ಟಿಗೆ ವಸಾಹತು ಮುಗಿದೇ ಇಲ್ಲ, ಆದ್ದರಿಂದ ‘ವಸಾಹತೋತ್ತರ’ದಲ್ಲಿನ ‘ಉತ್ತರ’, ಅಂದರೆ ‘ನಂತರ’, ಎಂಬ ಮಾತಿಗೇ ಇವರ ತಕರಾರು. ಲೇಖಕ ಥಾಮಸ್ ಕಿಂಗ್ 1990ರ ಒಂದು ಲೇಖನದಲ್ಲಿ ಇದನ್ನು ನೇರವಾಗಿ ಎತ್ತಿದರು. ‘ವಸಾಹತೋತ್ತರ’ ಎಂದ ಕೂಡಲೇ ಯುರೋಪಿಯನ್ನರು ಬಂದ ದಿನವೇ ಕಥೆಯ ಮೊದಲ ದಿನವಾಗುತ್ತದೆ, ಅದಕ್ಕೆ ಮುಂಚಿನಿಂದ ಹರಿದುಬಂದ ಹೇಳುವ ಪರಂಪರೆ ಕಾಣೆಯಾಗುತ್ತದೆ ಎಂಬುದು ಅವರ ಆಕ್ಷೇಪ. ನಿಮ್ಮ ಪ್ರಬಂಧದಲ್ಲಿ ಈ ಆಕ್ಷೇಪಕ್ಕೆ ಒಂದು ಪ್ಯಾರಾ ಇರಲೇಬೇಕು.

ಮೂರನೆಯದು ಆಮೇಲೆ ಬಂದ ವಲಸಿಗರು: ಚೀನೀಯರು, ಜಪಾನೀಯರು, ಪಂಜಾಬಿಗಳು, ಕೆರಿಬಿಯನ್ನರು. ರಾಷ್ಟ್ರ ಇವರಿಂದ ದುಡಿಸಿಕೊಂಡಿತು, ‘ನಮ್ಮವರು’ ಎನ್ನಲು ಮಾತ್ರ ತಡಮಾಡಿತು.

ಇಲ್ಲಿ ಎಲ್ಲಿ ಎಡವುತ್ತಾರೆ? ಮೂರನ್ನೂ ಸೇರಿಸಿ ‘ಕೆನಡಾದ ವಸಾಹತೋತ್ತರ ಅಸ್ಮಿತೆ’ ಎಂದು ಒಂದೇ ಉಸಿರಿನಲ್ಲಿ ಬರೆದುಬಿಡುತ್ತಾರೆ. ಯಾರ ಅಸ್ಮಿತೆ ಎಂದು ಪರೀಕ್ಷಕರು ಕೇಳಿದರೆ ಉತ್ತರ ಇರುವುದಿಲ್ಲ.

ಹಂತ 2: ಒಂದು ಪುಟದ ಕಾಲಪಟ್ಟಿ

ಎರಡು ಕಾಲಂ ಎಳೆಯಿರಿ. ಎಡಕ್ಕೆ ರಾಷ್ಟ್ರ ತನ್ನ ಬಗ್ಗೆ ಹೇಳಿಕೊಳ್ಳುವ ತಾರೀಖುಗಳು: 1867 ಒಕ್ಕೂಟ ರಚನೆ, 1931 ಶಾಸನ ಮಾಡುವ ಸ್ವಾತಂತ್ರ್ಯ, 1947 ಪೌರತ್ವ ಕಾಯ್ದೆ, 1965 ಮೇಪಲ್ ಎಲೆಯ ಬಾವುಟ, 1971 ಬಹುಸಂಸ್ಕೃತಿ ನೀತಿ, 1982 ಸಂವಿಧಾನ ಬ್ರಿಟನ್ನಿನ ಕೈಯಿಂದ ಬಿಡಿಸಿಕೊಂಡದ್ದು. 1947ರ ಆಗಸ್ಟ್ 15ರಂಥ ಒಂದು ದಿನ ಈ ಪಟ್ಟಿಯಲ್ಲಿ ಇಲ್ಲ, ಗಮನಿಸಿ. ಬಿಡುಗಡೆ ಅಲ್ಲಿ ಕಂತುಕಂತಾಗಿ ಬಂತು. ‘ನಾವು ಯಾರು’ ಎಂಬ ಪ್ರಶ್ನೆ ಅಲ್ಲಿನ ಸಾಹಿತ್ಯವನ್ನು ಇಷ್ಟು ಕಾಡಲು ಅದೂ ಒಂದು ಕಾರಣ.

ಬಲಕ್ಕೆ ನಿಮ್ಮ ಕಾದಂಬರಿಯ ಜನರ ತಾರೀಖುಗಳು. ‘ಒಬಾಸನ್’ಗೆ ಇವು ಸಾಕು:

1942 ಫೆಬ್ರವರಿ: ಕರಾವಳಿಯಿಂದ 100 ಮೈಲಿ ಒಳಗಿನ ವಲಯದಿಂದ ಜಪಾನಿ ಮೂಲದವರನ್ನು ಹೊರಹಾಕಲು ಆಜ್ಞೆ. ಎತ್ತಂಗಡಿಯಾದವರು ಸುಮಾರು 22,000, ಅವರಲ್ಲಿ ಹೆಚ್ಚಿನವರು ಕೆನಡಾದಲ್ಲೇ ಹುಟ್ಟಿದವರು ಅಥವಾ ಅಲ್ಲಿನ ಪ್ರಜೆಗಳಾಗಿ ನೋಂದಣಿಯಾದವರು.
1943: ಅವರ ಮನೆ, ದೋಣಿ, ಜಮೀನುಗಳನ್ನು ಒಪ್ಪಿಗೆ ಕೇಳದೆ ಮಾರಲು ಸರ್ಕಾರಕ್ಕೆ ಅಧಿಕಾರ.
1945: ರಾಕಿ ಪರ್ವತದ ಪೂರ್ವಕ್ಕೆ ಹೋಗಿ, ಇಲ್ಲವೇ ಜಪಾನಿಗೆ ಹೋಗಿ ಎಂಬ ಆಯ್ಕೆ. ಮರುವರ್ಷ ಸುಮಾರು 4,000 ಮಂದಿಯನ್ನು ಜಪಾನಿಗೆ ಸಾಗಿಸಲಾಯಿತು.
1949 ಏಪ್ರಿಲ್ 1: ಕರಾವಳಿಗೆ ಮರಳಲು ಅನುಮತಿ. ಯುದ್ಧ ಮುಗಿದು ಮೂರೂವರೆ ವರ್ಷ ದಾಟಿತ್ತು.
1988 ಸೆಪ್ಟೆಂಬರ್ 22: ಸಂಸತ್ತಿನಲ್ಲಿ ಕ್ಷಮೆಯಾಚನೆ, ಬದುಕಿದ್ದವರಿಗೆ ತಲಾ 21,000 ಡಾಲರ್ ಪರಿಹಾರ.

ಪಟ್ಟಿ ಮುಗಿದ ಮೇಲೆ ಎರಡೂ ಕಾಲಂ ಅಡ್ಡಕ್ಕೆ ಓದಿ. ಕಾದಂಬರಿ ಬಂದದ್ದು 1981ರಲ್ಲಿ, ಕ್ಷಮೆಗೆ ಏಳು ವರ್ಷ ಮುಂಚೆ. ಆದ್ದರಿಂದ ‘ರಾಷ್ಟ್ರ ತಪ್ಪು ತಿದ್ದಿಕೊಂಡ ಕಥೆ’ ಎಂದು ಅದನ್ನು ಓದುವುದು ಕಾಲಕ್ರಮಕ್ಕೇ ವಿರುದ್ಧ. ಕಥೆಯ ವರ್ತಮಾನ 1972, ಬಹುಸಂಸ್ಕೃತಿ ನೀತಿ ಘೋಷಣೆಯಾದ ಮರುವರ್ಷ. ಸರ್ಕಾರ ವೈವಿಧ್ಯವನ್ನು ಕೊಂಡಾಡುತ್ತಿರುವ ಹೊತ್ತಿಗೆ ಒಂದು ಮನೆಯಲ್ಲಿ ಹಳೆಯ ಕಾಗದಗಳು ಧೂಳು ಹಿಡಿದು ಕೂತಿವೆ. ಇಂಥ ಒಂದು ಅಡ್ಡಗೆರೆ ಸಿಕ್ಕರೆ ಅರ್ಧ ಪ್ರಬಂಧ ಸಿಕ್ಕ ಹಾಗೆ.

ಹಂತ 3: ಹಳೆಯ ರಾಷ್ಟ್ರೀಯ ವಿಮರ್ಶೆ ಓದಿ, ಆದರೆ ಅದರೊಳಗೇ ಉಳಿಯಬೇಡಿ

ಕೆನಡಾದ ವಿಮರ್ಶಕ ನಾರ್ಥ್ರಪ್ ಫ್ರೈ 1965ರಲ್ಲಿ ‘ಗ್ಯಾರಿಸನ್ ಮನೋಭಾವ’ ಎಂಬ ಮಾತು ಬಳಸಿದರು. ಸುತ್ತ ಅಪಾರ ಕಾಡು, ನಡುವೆ ಕೋಟೆ ಕಟ್ಟಿಕೊಂಡು ಹೆದರಿ ಕೂತ ಪುಟ್ಟ ಸಮುದಾಯದ ಮನಃಸ್ಥಿತಿ ಅದು. ಕೆನಡಾದವರನ್ನು ಕಾಡುವುದು ‘ನಾನು ಯಾರು’ ಎಂಬುದಕ್ಕಿಂತ ‘ಇಲ್ಲಿ ಅಂದರೆ ಎಲ್ಲಿ’ ಎಂಬ ಪ್ರಶ್ನೆ ಎಂದರು. 1972ರಲ್ಲಿ ಲೇಖಕಿ ಮಾರ್ಗರೆಟ್ ಆಟ್‌ವುಡ್ ‘ಬದುಕಿ ಉಳಿಯುವುದು’ ಕೆನಡಾ ಸಾಹಿತ್ಯದ ನಡುಗಂಬ ಎಂದು ವಾದಿಸಿದರು.

ಇವೆರಡೂ ಕೆಲಸಕ್ಕೆ ಬರುತ್ತವೆ, ಎದುರುವಾದಕ್ಕೆ ಸಿಗುವ ಗೋಡೆಯಾಗಿ. ‘ಒಬಾಸನ್’ಗೆ ಹಚ್ಚಿ ನೋಡಿ. ಇಲ್ಲಿ ಜನರನ್ನು ಅಟ್ಟಿದ್ದು ಕಾಡಲ್ಲ, ಮಂತ್ರಿಮಂಡಲದ ಆಜ್ಞೆ. ಎತ್ತಂಗಡಿಯಾದವರನ್ನು ಇರಿಸಿದ ಸ್ಲೋಕನ್ ಎಂಬ ಪಾಳು ಗಣಿ ಊರಿನ ಕಾಡು, ಕೆರೆಗಳು ಕಥೆಯ ಮಕ್ಕಳಿಗೆ ಒಂದಿಷ್ಟು ನೆರಳು ಕೊಡುತ್ತವೆ. ನರಕವಾಗುವುದು ಆಮೇಲೆ ಅವರು ದುಡಿದ ಆಲ್ಬರ್ಟಾ ಪ್ರಾಂತ್ಯದ ಬೀಟ್ ಹೊಲ, ಅಂದರೆ ಮನುಷ್ಯರು ಉತ್ತು ಬಿತ್ತಿದ ನೆಲ. ‘ಕಾಡು ಶತ್ರು, ಕೋಟೆ ಆಸರೆ’ ಎಂಬ ಸೂತ್ರ ತಲೆಕೆಳಗಾಗುತ್ತದೆ. ಆ ಸೂತ್ರ ಯಾರ ಅನುಭವದಿಂದ ಬಂತು ಎಂದು ಕೇಳಿದರೆ ಮತ್ತೆ ಮೊದಲ ಹಂತದ ಹಾಳೆಗೆ ಹೋಗುತ್ತೀರಿ: ನೆಲೆಗಾರರದು.

ಹಂತ 4: ಮೂರು ಜಾಗ ಆರಿಸಿ, ಹತ್ತಿರದಿಂದ ಓದಿ

ಪ್ರಬಂಧ ಗಟ್ಟಿಯಾಗುವುದೂ ಜೊಳ್ಳಾಗುವುದೂ ಇಲ್ಲೇ. ಇಡೀ ಕಾದಂಬರಿಯ ಸಾರಾಂಶ ಬರೆಯಬೇಡಿ. ಮೂರೇ ಜಾಗ, ಒಂದೊಂದೂ ಒಂದು ಪುಟದೊಳಗಿನದು. ಪ್ರತಿ ಜಾಗಕ್ಕೂ ನಾಲ್ಕು ಪ್ರಶ್ನೆ ಕೇಳಿ: ಯಾರು ಯಾರನ್ನು ಏನೆಂದು ಕರೆಯುತ್ತಾರೆ? ಯಾವ ಕಾಗದ ಪತ್ರ ಬಂದಿದೆ, ಬರೆದವರು ಯಾರು? ನೆಲಕ್ಕೆ ಯಾವ ಹೆಸರು? ಯಾರು ಇರಬೇಕಾಗಿತ್ತು, ಇಲ್ಲ?

ಮೊದಲ ಜಾಗ, ಹೆಸರುಗಳು. ನಿರೂಪಕಿ ನವೋಮಿಗೆ ಇಬ್ಬರು ಹಿರಿಯರು. ತಂದೆಯ ಅಣ್ಣನ ಹೆಂಡತಿ ಆಯಾ, ತಾಯಿಯ ತಂಗಿ ಎಮಿಲಿ. ಇಂಗ್ಲಿಷಿನಲ್ಲಿ ಇಬ್ಬರೂ ‘ಆಂಟ್’ ಆಗಬೇಕಿತ್ತು. ಕನ್ನಡದಲ್ಲಿ ಒಬ್ಬರು ದೊಡ್ಡಮ್ಮ, ಇನ್ನೊಬ್ಬರು ಚಿಕ್ಕಮ್ಮ. ಕಾದಂಬರಿ ಬೇರೆಯೇ ದಾರಿ ಹಿಡಿಯುತ್ತದೆ: ದೊಡ್ಡಮ್ಮ ಜಪಾನಿಯಲ್ಲಿ ‘ಒಬಾಸನ್’, ಚಿಕ್ಕಮ್ಮ ಇಂಗ್ಲಿಷಿನಲ್ಲಿ ‘ಆಂಟ್ ಎಮಿಲಿ’. ಒಬ್ಬಾಕೆ ಮೌನಿ, ಇನ್ನೊಬ್ಬಾಕೆ ಅರ್ಜಿ ಬರೆದು ಸಭೆಗಳಲ್ಲಿ ಮಾತಾಡುವವಳು. ಕರೆಯುವ ಭಾಷೆಯಲ್ಲೇ ಎರಡು ದಾರಿ ಕವಲೊಡೆದಿವೆ, ನವೋಮಿ ನಡುವೆ ನಿಂತಿದ್ದಾಳೆ. ನಂಟಿನ ಪದಗಳನ್ನು ಎಣಿಸಿ ಬಳಸುವ ಭಾಷೆಯಲ್ಲಿ ಬೆಳೆದ ನಮಗೆ ಇದು ಬೇಗ ಕಣ್ಣಿಗೆ ಬೀಳುತ್ತದೆ. ಈ ಅನುಕೂಲ ಬಿಡಬೇಡಿ. ಇಲ್ಲೊಂದು ಹಳ್ಳವೂ ಇದೆ: ಮೌನ ಎಂದರೆ ಪೂರ್ವದ್ದು, ಮಾತು ಎಂದರೆ ಪಶ್ಚಿಮದ್ದು ಎಂದು ಬರೆದುಬಿಡುವುದು. ಕಾದಂಬರಿಯ ಬಾಗಿಲಲ್ಲೇ ಎರಡು ಬಗೆಯ ಮೌನ ಇದೆ, ಮಾತಾಡಲು ಆಗದ ಮೌನ ಮತ್ತು ಮಾತಾಡಲು ಒಲ್ಲದ ಮೌನ. ಒಬಾಸನ್‌ದು ಯಾವುದು, ನಾಗಸಾಕಿಯಲ್ಲಿ ಸಿಕ್ಕಿಕೊಂಡ ನವೋಮಿಯ ತಾಯಿಯದು ಯಾವುದು ಎಂದು ಬಿಡಿಸಿ ಬರೆಯಿರಿ.

ಎರಡನೇ ಜಾಗ, 29ನೇ ಅಧ್ಯಾಯ. ಎಮಿಲಿ ಕೂಡಿಟ್ಟ ಕಾಗದಗಳ ನಡುವೆ ಪತ್ರಿಕೆಯ ಒಂದು ತುಣುಕು ಸಿಗುತ್ತದೆ. ಬೀಟ್ ಗುಡ್ಡೆಯ ಸುತ್ತ ನಿಂತ ಒಂದು ಕುಟುಂಬದ ಫೋಟೊ, ಎಲ್ಲರೂ ಹಲ್ಲುಬಿಟ್ಟು ಸಂತೋಷವಾಗಿದ್ದಾರೆ ಎಂಬ ಅಡಿಬರಹ. ಅದರ ಎದುರು ನವೋಮಿ ತನ್ನ ನೆನಪು ಇಡುತ್ತಾಳೆ: ಕೋಳಿಗೂಡಿನಂಥ ಗುಡಿಸಲು, ನೊಣ, ಬಿಸಿಲಲ್ಲಿ ಗುದ್ದಲಿ, ಚಳಿಯಲ್ಲಿ ಹೆಪ್ಪುಗಟ್ಟಿದ ಬೀಟ್. ತನಗೆ ಅದು ಕೊನೆಗೂ ಒಗ್ಗಲಿಲ್ಲ ಎನ್ನುತ್ತಾಳೆ. ಪತ್ರಿಕೆ ‘ವಾಸ್ತವಾಂಶ’ ಎಂದು ಅಚ್ಚು ಹಾಕಿದ ಪದವನ್ನೇ ಅವಳು ಕೈಗೆತ್ತಿಕೊಂಡು ತನ್ನ ವಾಸ್ತವ ಹೇಳುತ್ತಾಳೆ. ವಸಾಹತೋತ್ತರ ವಿಮರ್ಶೆ ‘ಮರುಬರಹ’ ಎಂದು ಹೇಳುವುದು ಇದನ್ನೇ. ಆ ಪದ ಬಳಸುವ ಮುಂಚೆ ಗುದ್ದಲಿ, ನೊಣ, ಗುಡಿಸಲು ತೋರಿಸಿ. ಇದೇ ಜಾಡಿನಲ್ಲಿ ಇನ್ನೊಂದು ವಿವರ: ‘ಜಪಾನಿ ಜನಾಂಗ’ ಎಂದು ಅಚ್ಚಾದ ಕಡೆಯಲ್ಲೆಲ್ಲ ಎಮಿಲಿ ಹೊಡೆದುಹಾಕಿ ‘ಕೆನಡಾದ ಪ್ರಜೆ’ ಎಂದು ಬರೆದಿದ್ದಾಳೆ. ರಾಷ್ಟ್ರೀಯ ಅಸ್ಮಿತೆಯ ಬಗ್ಗೆ ಪುಟಗಟ್ಟಲೆ ಬರೆಯುವುದಕ್ಕಿಂತ ಈ ಪೆನ್ನಿನ ಒಂದು ಗೆರೆಯ ಮೇಲೆ ಹತ್ತು ಸಾಲು ಬರೆಯಿರಿ.

ಮೂರನೇ ಜಾಗ, ಮೊದಲ ಅಧ್ಯಾಯ. ತಲೆಯ ಮೇಲಿನ ತಾರೀಖು 1972ರ ಆಗಸ್ಟ್ 9. 1945ರಲ್ಲಿ ನಾಗಸಾಕಿಯ ಮೇಲೆ ಅಣುಬಾಂಬು ಬಿದ್ದದ್ದೂ ಆಗಸ್ಟ್ 9ರಂದೇ, ಓದುಗರಿಗೆ ಇದರ ಅರ್ಥವಾಗುವುದು ಪುಸ್ತಕದ ಕೊನೆಯ ಹೊತ್ತಿಗೆ. ಆಲ್ಬರ್ಟಾದ ಹುಲ್ಲುಗಾವಲಿನಲ್ಲಿ ಕುಕ್ಕರುಗಾಲಲ್ಲಿ ಕೂತ ದೊಡ್ಡಪ್ಪ ಸಿಟ್ಟಿಂಗ್ ಬುಲ್‌ನಂತೆ ಕಾಣುತ್ತಾನೆ ಎನ್ನುತ್ತಾಳೆ ನವೋಮಿ. ತಲೆಗೆ ಗರಿಯ ತುರಾಯಿ ಒಂದಿದ್ದರೆ ಆಲ್ಬರ್ಟಾದ ನೆನಪಿನ ಪೋಸ್ಟ್‌ಕಾರ್ಡೇ ಸರಿ, ಅದೂ ಜಪಾನಿನಲ್ಲಿ ತಯಾರಾದದ್ದು. ಲಕೋಟಾ ನಾಯಕ ಸಿಟ್ಟಿಂಗ್ ಬುಲ್ 1877ರಲ್ಲಿ ಅಮೆರಿಕದ ಸೈನ್ಯದಿಂದ ತಪ್ಪಿಸಿಕೊಂಡು ಕೆನಡಾಕ್ಕೆ ಬಂದು, ಅಲ್ಲಿ ನೆಲೆ ಸಿಗದೆ 1881ರಲ್ಲಿ ಹಿಂದಿರುಗಿದವರು. ನೆಲ ಕಳೆದುಕೊಂಡ ಇಬ್ಬರನ್ನು ಒಂದೇ ಚಿತ್ರದಲ್ಲಿ ಕೂರಿಸುವುದು ಬಾಂಧವ್ಯವೋ, ಅಥವಾ ಮೂಲನಿವಾಸಿಯನ್ನು ಬರೀ ಉಪಮೆಯಾಗಿ ಬಳಸಿಕೊಳ್ಳುವುದೋ? ಎರಡಕ್ಕೂ ಪಠ್ಯದಲ್ಲಿ ಆಧಾರವಿದೆ. ನನ್ನ ಅಭಿಪ್ರಾಯ ಕೇಳಿದರೆ, ಕಾದಂಬರಿಯ ಅತ್ಯಂತ ಫಲವತ್ತಾದ ಬಿರುಕು ಇದೇ.

ಹೊರಗಿನ ಒಂದು ಸಂಗತಿ ಈ ಬಿರುಕನ್ನು ಇನ್ನೂ ಅಗಲಿಸುತ್ತದೆ. ಸ್ಲೋಕನ್ ಕಣಿವೆ ಸಿನೈಕ್ಸ್ಟ್ ಜನರ ನೆಲ. 1956ರಲ್ಲಿ ಕೆನಡಾ ಸರ್ಕಾರ ಅವರ ಪಂಗಡ ‘ಅಳಿದುಹೋಗಿದೆ’ ಎಂದು ಕಾಗದದಲ್ಲಿ ಬರೆದುಬಿಟ್ಟಿತು. ಅವರ ಹಕ್ಕನ್ನು ಸುಪ್ರೀಂ ಕೋರ್ಟ್ ಎತ್ತಿಹಿಡಿದದ್ದು 2021ರಲ್ಲಿ. ಒಂದು ಜನರನ್ನು ತಂದು ಬಂಧನದಲ್ಲಿ ಇರಿಸಿದ ಅದೇ ಕಣಿವೆಯ ಮೂಲ ಜನರನ್ನು ಅದೇ ಸರ್ಕಾರ ಇಲ್ಲವಾಗಿಸಿತು. ಕಾದಂಬರಿಗೆ 2021 ಗೊತ್ತಿರಲು ಸಾಧ್ಯವಿಲ್ಲ, ನಿಮಗೆ ಗೊತ್ತಿರಬೇಕು.

ಹಂತ 5: ವಾದವಾಕ್ಯ ಬರೆಯಿರಿ

ಇಡೀ ಪ್ರಬಂಧ ಏನನ್ನು ಸಾಧಿಸುತ್ತದೆ ಎಂದು ಒಂದೆರಡು ವಾಕ್ಯದಲ್ಲಿ ಹೇಳುವುದು ವಾದವಾಕ್ಯ.

ಕೆಲಸಕ್ಕೆ ಬಾರದ್ದು: “ಒಬಾಸನ್ ಕಾದಂಬರಿಯು ಜಪಾನಿ ಕೆನಡಿಯನ್ನರ ಅಸ್ಮಿತೆಯ ಹುಡುಕಾಟವನ್ನು ವಸಾಹತೋತ್ತರ ದೃಷ್ಟಿಯಿಂದ ಚಿತ್ರಿಸುತ್ತದೆ.” ಇದನ್ನು ಯಾರೂ ಅಲ್ಲಗಳೆಯಲಾರರು, ಹಾಗಾಗಿಯೇ ಇದು ವಾದವಲ್ಲ. ಕಾದಂಬರಿಯ ಹೆಸರು ಬದಲಿಸಿದರೂ ವಾಕ್ಯ ಹಾಗೇ ನಿಲ್ಲುತ್ತದೆ.

ಕೆಲಸಕ್ಕೆ ಬರುವುದು: “ಸರ್ಕಾರಿ ಕಾಗದಗಳ ಮೇಲೆ ಎದುರುಬರಹ ಬರೆದು ‘ಒಬಾಸನ್’ ಜಪಾನಿ ಕೆನಡಿಯನ್ನರಿಗೆ ರಾಷ್ಟ್ರದಲ್ಲಿ ಜಾಗ ಕೇಳುತ್ತದೆ. ಆದರೆ ಆ ರಾಷ್ಟ್ರ ನಿಂತ ನೆಲ ಯಾರದು ಎಂಬ ಪ್ರಶ್ನೆಯನ್ನು ಉಪಮೆಯ ಮಟ್ಟದಲ್ಲೇ ಬಿಟ್ಟುಬಿಡುತ್ತದೆ.” ಇದನ್ನು ಒಪ್ಪದವರು ಇರಬಹುದು. ಪಠ್ಯ ತೋರಿಸಿ ಸಾಧಿಸಬೇಕಾಗುತ್ತದೆ.

ಪರೀಕ್ಷೆ ಸುಲಭ. ನಿಮ್ಮ ವಾಕ್ಯದಲ್ಲಿ ಕಾದಂಬರಿಯ ಹೆಸರು ತೆಗೆದು ಇನ್ನೊಂದು ಹಾಕಿ. ಅರ್ಥ ಕೆಡಬೇಕು. ಕೆಡದಿದ್ದರೆ ಮತ್ತೆ ಬರೆಯಿರಿ.

ಹಂತ 6: ಪದಗಳ ಹಂಚಿಕೆ

3000 ಪದಗಳಲ್ಲಿ ಪೀಠಿಕೆ ಮತ್ತು ವಾದಕ್ಕೆ 300, ಇತಿಹಾಸಕ್ಕೆ 350, ಸಿದ್ಧಾಂತಕ್ಕೆ 400, ಮೂರು ಓದುಗಳಿಗೆ 1500, ಎದುರುವಾದಕ್ಕೆ 300, ಮುಕ್ತಾಯಕ್ಕೆ 150. ಸಾಮಾನ್ಯವಾಗಿ ಆಗುವುದು ಉಲ್ಟಾ. ಸಿದ್ಧಾಂತವೇ 1500 ತಿಂದುಹಾಕುತ್ತದೆ. ವಸಾಹತೋತ್ತರ ಸಿದ್ಧಾಂತದ ದೊಡ್ಡ ಹೆಸರುಗಳಾದ ಭಾಭಾ, ಸೈದ್, ಸ್ಪಿವಾಕ್ ಮೂವರೂ ಬಂದಿರುತ್ತಾರೆ, ನವೋಮಿ ಎಲ್ಲೂ ಕಾಣುವುದಿಲ್ಲ. ಒಬ್ಬ ಸಿದ್ಧಾಂತಿಯನ್ನು ಆರಿಸಿ. ಕೆನಡಾವನ್ನೇ ಕುರಿತು ಬರೆದವರಾದರೆ ಉತ್ತಮ. ಕೆನಡಾದ ವಿಮರ್ಶಕಿ ಲಿಂಡಾ ಹಚಿಯನ್ 1989ರ ಲೇಖನದಲ್ಲಿ, ಮೂಲನಿವಾಸಿಗಳ ಅನುಭವವನ್ನು ಬದಿಗಿಟ್ಟು ಕೆನಡಾವನ್ನು ವಸಾಹತೋತ್ತರ ಎನ್ನುವುದರ ತೊಂದರೆ ಎತ್ತಿದ್ದಾರೆ. ಶುರುವಿಗೆ ಅದು ಸಾಕು.

ಹಂತ 7: ಕೊನೆಯ ಪುಟವನ್ನು ತಪ್ಪಾಗಿ ಓದಬೇಡಿ

ನವೋಮಿಯ ಕಥೆ ಮುಗಿದ ಮೇಲೆ ಕಾದಂಬರಿ ಒಂದು ದಾಖಲೆಯ ಭಾಗವನ್ನು ಕೊಟ್ಟು ನಿಲ್ಲುತ್ತದೆ. 1946ರಲ್ಲಿ ಗಡೀಪಾರಿನ ವಿರುದ್ಧ ಒಂದು ಸಹಕಾರ ಸಮಿತಿ ಸಂಸತ್ತಿಗೆ ಕೊಟ್ಟ ಮನವಿ ಅದು. ಬಹಳ ಮಂದಿ ‘ಕೊನೆಗೆ ಮೌನ ಮುರಿದು ಮಾತು ಗೆದ್ದಿತು’ ಎಂದು ಬರೆದು ಮುಗಿಸುತ್ತಾರೆ. ಆದರೆ ಕೆಳಗಿನ ಸಹಿಗಳು ಜಪಾನಿ ಹೆಸರುಗಳಲ್ಲ. ಕೊನೆಯ ಮಾತು ಯಾರ ಬಾಯಲ್ಲಿ ಬಂತು ಎಂದು ಕೇಳಿ. ನಿಮ್ಮ ಎದುರುವಾದದ ಪ್ಯಾರಾಕ್ಕೆ ಇದಕ್ಕಿಂತ ಒಳ್ಳೆಯ ಜಾಗ ಇಲ್ಲ.

1988ರಲ್ಲಿ ಸಂಸತ್ತಿನಲ್ಲಿ ಎನ್‌ಡಿಪಿ ಪಕ್ಷದ ನಾಯಕ ಎಡ್ ಬ್ರಾಡ್ಬೆಂಟ್ ಈ ಕಾದಂಬರಿಯ ಭಾಗವನ್ನು ಓದಿ ಹೇಳಿದರು. ಒಂದು ಕಾದಂಬರಿಗೆ ಅಷ್ಟು ದೂರ ಹೋಗಲು ಸಾಧ್ಯವಾಯಿತು ಎಂಬುದು ದೊಡ್ಡ ಸಂಗತಿ, ಖಂಡಿತ ಬರೆಯಿರಿ. ಅದನ್ನು ಕಾದಂಬರಿಯ ಅರ್ಥ ಎನ್ನಬೇಡಿ. ಅದು ಕಾದಂಬರಿಯ ಬಳಕೆ. ಎರಡಕ್ಕೂ ಬೇರೆ ಬೇರೆ ಪ್ಯಾರಾ ಕೊಡಿ.

ಹಂತ 8: ಒಪ್ಪಿಸುವ ಮುಂಚೆ

ಪದಗಳನ್ನು ಒಂದೊಂದಾಗಿ ನೋಡಿ. ‘ಸ್ಥಳಾಂತರ’ ಎಂಬುದು ಅಂದಿನ ಸರ್ಕಾರದ ನಯವಾದ ಮಾತು. ನಿಮ್ಮ ದನಿಯಲ್ಲಿ ಬರೆಯುವಾಗ ‘ಎತ್ತಂಗಡಿ’, ‘ಬಂಧನ’ ಬಳಸಿ, ಸರ್ಕಾರದ ಪದ ಬಂದರೆ ಉದ್ಧರಣ ಚಿಹ್ನೆಯೊಳಗೆ ಇಡಿ. ‘ಇಂಡಿಯನ್’ ಎಂಬುದನ್ನು 1876ರ ಕಾಯ್ದೆಯ ಹೆಸರಿಗೆ ಅಥವಾ ಪಠ್ಯದ ಉದ್ಧರಣಕ್ಕೆ ಮಾತ್ರ ಸೀಮಿತವಾಗಿಡಿ. ಸಾಧ್ಯವಾದಲ್ಲೆಲ್ಲ ಸಿನೈಕ್ಸ್ಟ್, ಲಕೋಟಾ ಎಂದು ಆಯಾ ಜನರ ಹೆಸರನ್ನೇ ಬರೆಯಿರಿ. ಇಸ್ಸೇ, ನಿಸೇ, ಸಾನ್ಸೇ ಎಂದರೆ ವಲಸೆ ಬಂದ ಮೊದಲ ಪೀಳಿಗೆ, ಅವರ ಮಕ್ಕಳು, ಮೊಮ್ಮಕ್ಕಳು. ಒಮ್ಮೆ ಅರ್ಥ ಕೊಟ್ಟು ಮುಂದೆ ಹೋಗಿ. ಎಮಿಲಿ ನಿಸೇ, ನವೋಮಿ ಸಾನ್ಸೇ.

‘ಒಬಾಸನ್’ ಹಲವು ಆವೃತ್ತಿಗಳಲ್ಲಿದೆ, ಪುಟಸಂಖ್ಯೆ ಒಂದಕ್ಕೊಂದು ತಾಳೆಯಾಗುವುದಿಲ್ಲ. ಪುಟದ ಜೊತೆಗೆ ಅಧ್ಯಾಯದ ಸಂಖ್ಯೆಯನ್ನೂ ಕೊಡಿ. ಕಾದಂಬರಿಯ ಒಳಗಿರುವ ಪತ್ರ, ತುಣುಕುಗಳನ್ನು ಉದ್ಧರಿಸುವಾಗ ಅವು ಎಮಿಲಿಯ ಕಡತದಲ್ಲಿವೆ ಎಂದು ಹೇಳಿ. ನವೋಮಿಯ ಮಾತು, ಕೊಗಾವಾ ಅವರ ಮಾತು, ಪತ್ರಿಕೆಯ ಮಾತು ಮೂರೂ ಕಲಸಿಹೋದರೆ ನಾಲ್ಕನೇ ಹಂತದ ದುಡಿಮೆಯೆಲ್ಲ ನೀರಿನಲ್ಲಿ ಹೋಮ.

ನಿಮ್ಮ ಕಾದಂಬರಿ ಈಡನ್ ರಾಬಿನ್ಸನ್ ಅವರಂಥ ಮೂಲನಿವಾಸಿ ಲೇಖಕರದಾದರೆ ಮೂರನೇ ಹಂತವನ್ನು ಅರ್ಧಕ್ಕೆ ಇಳಿಸಿ, ಆ ಸಮುದಾಯದ ಹೇಳುವ ಪರಂಪರೆಗೆ ಆ ಪದಗಳನ್ನು ಕೊಡಿ. ರೋಹಿಂಟನ್ ಮಿಸ್ತ್ರಿಯವರ ಮುಂಬೈ ಕಾದಂಬರಿಗಳಾದರೆ, ಕೆನಡಾದಲ್ಲಿ ಕೂತು ಬರೆದ, ಕೆನಡಾವೇ ಇಲ್ಲದ ಕಥೆ ‘ಕೆನಡಾ ಸಾಹಿತ್ಯ’ ಹೇಗಾಗುತ್ತದೆ ಎಂಬಲ್ಲಿಂದಲೇ ಶುರು ಮಾಡಿ.

ಕರಡನ್ನು ಎರಡು ದಿನ ಮುಚ್ಚಿಡಿ. ಆಮೇಲೆ ‘ವಸಾಹತೋತ್ತರ’ ಎಂಬ ಪದ ಬಂದಲ್ಲೆಲ್ಲ ಪೆನ್ಸಿಲ್ಲಿನಿಂದ ಸುತ್ತು ಹಾಕಿ, ಪಕ್ಕದಲ್ಲಿ ‘ಯಾರಿಗೆ?’ ಎಂದು ಬರೆಯಿರಿ. ಉತ್ತರ ಅದೇ ವಾಕ್ಯದಲ್ಲಿ ಸಿಗದಿದ್ದರೆ ವಾಕ್ಯ ತಿದ್ದಿ, ಆಮೇಲೆ ಗೈಡ್ ಕೈಗೆ ಕೊಡಿ.